ಗೇಟಿನ ಲೈನಿನ ಕೊನೆಯ ಇನ್ಸ್‌ಪೆಕ್ಷನ್

ಅದಿರಿನ ಗುಡ್ಡೆಗೆ ಜಾಗ ಬೇಕೆಂದು ಮನುಷ್ಯರು ಬಾಳುತ್ತಿದ್ದ ಎರಡು ಸಾಲು ಮನೆಗಳನ್ನು ಕೆಡವಲಾಯಿತು. ಅದಕ್ಕೆ ಕಾರಣರಾದವರು ಇಂದಿಗೂ ತಮ್ಮ ತಮ್ಮ ಕುರ್ಚಿಗಳಲ್ಲಿ ಕ್ಷೇಮವಾಗಿದ್ದಾರೆ. ಸೇನಾ ನೆಲೆಯನ್ನು ಮುಚ್ಚುವಾಗ ಮಂಚ, ಬಕೆಟ್ಟು, ಬಲ್ಬುಗಳನ್ನೆಲ್ಲ ಎಣಿಸಿ ಲಾರಿಗೆ ಹೇರಿಕೊಂಡು, ಆ ನೆಲೆಯನ್ನೇ ನಂಬಿದ್ದ ಕುಟುಂಬಗಳನ್ನು ಎಣಿಸದೆ ಹೊರಟವರು ಮೊದಲ ಹೊಣೆಗಾರರು. ಬಿಟ್ಟುಹೋದ ನೆಲವನ್ನು ಅದಿರು ವ್ಯಾಪಾರಿಗಳಿಗೆ ಗುತ್ತಿಗೆ ಕೊಡಲು ಆತುರಪಟ್ಟ ಜಿಲ್ಲಾಡಳಿತದವರು ಎರಡನೆಯವರು. ಇವರಿಬ್ಬರ ನಡುವೆ ನಿಂತು ನ್ಯಾಯ ಹೇಳಬೇಕಿದ್ದ ಪರಿಶೀಲನಾ ಸಮಿತಿ ಒಂದು ಮುಂಜಾನೆ ಬಂದು, ಮನೆಗಳ ಹೊರಗೋಡೆ ನೋಡಿ, "ಇಲ್ಲಿ ಸಂತ್ರಸ್ತರು ಯಾರೂ ಇಲ್ಲ" ಎಂದು ಬರೆದು ಹೋಯಿತು. ಆ ಸಮಿತಿಯ ಮೇಲೆ ನನ್ನ ಆರೋಪ ಎಲ್ಲಕ್ಕಿಂತ ದೊಡ್ಡದು. ಏಕೆಂದರೆ ಅದರ ಸಮೀಕ್ಷೆ ಮಾಡಿಕೊಟ್ಟವಳು ನಾನು. ನಿಜ ಅದರ ಕೈಯಲ್ಲಿತ್ತು.

ಹೊಸಪೇಟೆಯಿಂದ ಸಂಡೂರಿನ ಕಡೆಗೆ ಹೋಗುವಾಗ, ಗುಡ್ಡಗಳ ಬುಡದಲ್ಲಿ ಆ ಚಿಕ್ಕ ತರಬೇತಿ ನೆಲೆಯಿತ್ತು. ಅದರ ಮುಖ್ಯ ಗೇಟಿನ ಹೊರಗೆ, ಆದರೆ ಸೇನೆಯದೇ ನೆಲದ ಮೇಲೆ, ಎದುರುಬದುರಾಗಿ ಎರಡು ಸಾಲು ಕಲ್ಲಿನ ಮನೆಗಳು. ಸುತ್ತಲಿನವರು ಅದನ್ನು ಗೇಟಿನ ಲೈನು ಎನ್ನುತ್ತಿದ್ದರು. ಸಿಪಾಯಿಗಳ ಬಟ್ಟೆ ಒಗೆಯುವವರು, ಸಮವಸ್ತ್ರ ಹೊಲಿಯುವವರು, ಕ್ಷೌರ ಮಾಡುವವರು, ಮೆಸ್ಸಿನ ಪಾತ್ರೆ ತಿಕ್ಕುವವರು ಅಲ್ಲಿ ಎರಡು ತಲೆಮಾರಿನಿಂದ ಇದ್ದರು. ಅವರು ಸೇನೆಯ ನೌಕರರಲ್ಲ, ಆದ್ದರಿಂದ ಪಿಂಚಣಿಯಿಲ್ಲ. ಪಕ್ಕದ ಹಳ್ಳಿಯ ನಿವಾಸಿಗಳೂ ಅಲ್ಲ, ಆದ್ದರಿಂದ ಪಂಚಾಯಿತಿಯ ನಿವೇಶನವೂ ಇಲ್ಲ. ನೆಲೆ ಇರುವವರೆಗೆ ಈ ಎರಡು ಇಲ್ಲಗಳ ನಡುವೆ ಅವರ ಬದುಕು ಸುಸೂತ್ರವಾಗಿಯೇ ಸಾಗಿತ್ತು. ನೆಲೆ ಮುಚ್ಚಿತು. ಗೇಟಿನ ಮುಂದೆ ತಿರುಗುತ್ತಿದ್ದ ಬಸ್ಸು ಹೆದ್ದಾರಿಯಲ್ಲೇ ನಿಲ್ಲತೊಡಗಿತು, ಚಹದ ಅಂಗಡಿ ಬಾಗಿಲು ಹಾಕಿತು, ಮರಿಯಮ್ಮನಹಳ್ಳಿ ಕಡೆಯಿಂದ ತರಕಾರಿ ತರುತ್ತಿದ್ದವರು ಬರುವುದನ್ನು ಬಿಟ್ಟರು. ಎಲ್ಲಕ್ಕಿಂತ ಮುಖ್ಯವಾಗಿ, ನೀರು ನಿಂತಿತು.

ಗ್ರಾಮೀಣಾಭಿವೃದ್ಧಿಯಲ್ಲಿ ಸ್ನಾತಕೋತ್ತರ ಪದವಿ ಮುಗಿಸಿದ್ದ ನನಗೆ ಸಮೀಕ್ಷಕಿಯ ತಾತ್ಕಾಲಿಕ ಕೆಲಸ ಸಿಕ್ಕಿತ್ತು. ಕೆಲಸ ಸರಳವಾಗಿತ್ತು: ಲೈನಿನ ಪ್ರತಿ ಮನೆಯ ಸ್ಥಿತಿಯನ್ನು ದಾಖಲಿಸಿ ಸಮಿತಿಗೆ ಕೊಡುವುದು. ಆದರೆ ಅದರ ಮೇಲೆ ನಿಂತ ತೀರ್ಮಾನ ಸರಳವಾಗಿರಲಿಲ್ಲ. ಈ ಕುಟುಂಬಗಳು ನೆಲೆಯ ಮುಚ್ಚುವಿಕೆಯಿಂದ ಜೀವನೋಪಾಯ ಕಳೆದುಕೊಂಡವು ಎಂದು ಸಮಿತಿ ಒಪ್ಪಿದರೆ, ಅವು ನಿಂತ ನೆಲ ಅವುಗಳಿಗೇ ನಿವೇಶನವಾಗುತ್ತಿತ್ತು, ಹಳೆಯ ಪಂಪಿನಿಂದ ನೀರು ಮತ್ತೆ ಹರಿಯುತ್ತಿತ್ತು. ಒಪ್ಪದಿದ್ದರೆ ಅವರು ಮನೆ ಬಿಡಬೇಕು. ಇಡೀ ಆವರಣ ಅದಿರು ಶೇಖರಿಸುವ ಪ್ಲಾಟಾಗುತ್ತದೆ. ಅದು ಗಣಿಯ ಸುಗ್ಗಿಯ ಕಾಲ. ಹೆದ್ದಾರಿಯ ಇಕ್ಕೆಲದ ಜೋಳದ ಹೊಲಗಳೇ ರಾತ್ರಿ ಬೆಳಗಾಗುವುದರೊಳಗೆ ಅದಿರಿನ ಪ್ಲಾಟುಗಳಾಗುತ್ತಿದ್ದವು. ಕಾಂಪೌಂಡು ಇರುವ, ರಸ್ತೆಗೆ ಅಂಟಿದ ನೆಲದ ಮೇಲೆ ಯಾರ ಕಣ್ಣು ಬೀಳುವುದಿಲ್ಲ?

ಲೈನಿನಲ್ಲಿ ನನ್ನನ್ನು ಮೊದಲು ಮಾತಾಡಿಸಿದಾಕೆ ಅಗಸಗಿತ್ತಿಯರ ಹಿರಿಯಳು. ಐವತ್ತು ದಾಟಿದ ವಿಧವೆ. ಒಬ್ಬಳೇ ಮಗಳನ್ನು ಎಮ್ಮಿಗನೂರಿಗೆ ಮದುವೆ ಮಾಡಿ ಕೊಟ್ಟಿದ್ದಳು. ಹೊಸ್ತಿಲ ಮೇಲೆ ಕುಳಿತು ನನ್ನ ಹೆಗಲ ಚೀಲವನ್ನು ನೋಡಿ ಕೇಳಿದಳು.

"ಯಾವ ಕಂಪ್ನಿಯಾಕಿ ತಂಗೆವ್ವಾ? ಅದಿರಿಗೆ ಜಾಗ ಅಳತಿ ಮಾಡಾಕ ಬಂದೀಯೇನು?"

"ಇಲ್ಲಕ್ಕಾ, ಸರ್ಕಾರದ ಸಮೀಕ್ಷೆಗೆ ಬಂದಿದ್ದೇನೆ. ನಿಮಗೆ ಏನೇನು ತೊಂದರೆ ಆಗಿದೆ ಅಂತ ಬರೆದುಕೊಳ್ಳಲು."

"ತೊಂದ್ರಿ ಬರಕೊಳ್ಳಾಕ ಅಷ್ಟ್ ಸಣ್ಣ ಚೀಲ ತಂದೀಯಲ್ಲ!" ಎಂದು ನಕ್ಕಳು.

ಎದುರು ಮನೆಯ ಕಟ್ಟೆಯಿಂದ ಒಬ್ಬ ದರ್ಜಿ ತಲೆಯೆತ್ತಿದ. ಸಿಪಾಯಿಗಳ ಅಂಗಿಗೆ ಪಟ್ಟಿ, ಗುಂಡಿ ಹೊಲಿಯುತ್ತಲೇ ಮುದುಕನಾದವನು. ಲೈನಿನ ಎಲ್ಲ ವ್ಯವಹಾರಕ್ಕೂ ಅವನೇ ಮುಂದಾಳು. "ಆಕಿ ಮಾತಿಗೆ ಕಿವಿ ಕೊಡಬ್ಯಾಡ್ರಿ ಮೇಡಂ. ಒಗಿಯಾಕ ಬಟ್ಟಿ ಇಲ್ಲ, ಅದಕ್ಕ ಬಂದೋರ್ನ ಒಗಿತಾಳ."

"ನಿನ್ನ ಮಿಷಿನ್ ನಿಂತ ಮ್ಯಾಲ ಲೈನ್‌ನ್ಯಾಗ ನಿದ್ದಿ ಚಲೋ ಬರಾಕತ್ತೈತಿ, ನೀನು ಸುಮ್ಕ ಕುಂದ್ರು."

"ನಿನ್ನ ಬಾಯಿ ನಿಂತ್ರ ಇನ್ನೂ ಚಲೋ ಬರ್ತೈತಿ."

ಇಂಥ ಮಾತುಗಳಲ್ಲಿ ಅವರ ಹಗಲು ಸರಿಯುತ್ತಿತ್ತು. ಮಾಡಲು ಬೇರೆ ಕೆಲಸವಿರಲಿಲ್ಲ.

ವಿಶ್ವವಿದ್ಯಾಲಯದಲ್ಲಿ ನಮಗೆ ಕಲಿಸಿದ್ದ ಒಂದು ಕ್ರಮವಿತ್ತು: ಆದಾಯವನ್ನು ಕೇಳಬಾರದು, ಬಳಕೆಯನ್ನು ನೋಡಬೇಕು. ಆದಾಯ ಕೇಳಿದರೆ ಕೆಲವರು ಹೆಚ್ಚು ಹೇಳುತ್ತಾರೆ, ಕೆಲವರು ಕಡಿಮೆ. ಒಲೆಯ ಮೇಲೆ ಏನು ಬೇಯುತ್ತಿದೆ, ಎಷ್ಟು ಹೊತ್ತು ಬೇಯುತ್ತಿದೆ ಎಂಬುದು ಅಷ್ಟು ಸುಲಭಕ್ಕೆ ಸುಳ್ಳು ಹೇಳುವುದಿಲ್ಲ. ನಾನು ವಾರಗಟ್ಟಲೆ ಬೇರೆ ಬೇರೆ ಹೊತ್ತಿನಲ್ಲಿ, ಹೇಳದೆ ಕೇಳದೆ, ಮನೆಮನೆಗೆ ಹೋದೆ. ಎರಡು ಹೊತ್ತಿನ ಅಡುಗೆ ಒಂದು ಹೊತ್ತಿಗೆ ಇಳಿದ ಮನೆಗಳನ್ನು ಗುರುತಿಸಿದೆ. ಹಿಂದೆ ಎಲ್ಲೆಲ್ಲಿ ಗೂಟಕ್ಕೆ ಕಟ್ಟಿದ ಎಮ್ಮೆ ಇತ್ತು, ಈಗ ಬರೀ ಗೂಟವಿದೆ ಎಂದು ನೋಡಿದೆ. ಗಂಡಸರಲ್ಲಿ ಹಲವರು ಅದಿರಿನ ಲಾರಿಗಳಿಗೆ ತಾಡಪಾಲು ಕಟ್ಟಲು ಹೋಗುತ್ತಿದ್ದರು. ಹೆಂಗಸರು ಪ್ಲಾಟುಗಳಲ್ಲಿ ಕುಳಿತು ಸುತ್ತಿಗೆಯಲ್ಲಿ ಅದಿರು ಒಡೆಯುತ್ತಿದ್ದರು. ಸಂಜೆ ಮರಳುವಾಗ ಅವರ ಹುಬ್ಬು, ರೆಪ್ಪೆ ಎಲ್ಲ ಕೆಂಪು.

ನೀರಿನದೇ ಬೇರೆ ಅಧ್ಯಯನ. ನೆಲೆಯೊಳಗಿನ ಕೊಳವೆಬಾವಿಯಿಂದ ಮೇಲಿನ ಟ್ಯಾಂಕಿಗೆ, ಟ್ಯಾಂಕಿನಿಂದ ಲೈನಿನ ನಲ್ಲಿಗೆ ಹಿಂದೆ ಬೆಳಿಗ್ಗೆ ಸಂಜೆ ನೀರು ಬಿಡುತ್ತಿದ್ದರು. ಹೊರಡುವ ಮುನ್ನ ಸೇನೆಯವರು ನಿಯಮದಂತೆ ವಿದ್ಯುತ್ ಸಂಪರ್ಕವನ್ನು ಹಿಂದಿರುಗಿಸಿದರು. ವಿದ್ಯುತ್ ಇಲಾಖೆಯವರು ನಿಯಮದಂತೆ ಟ್ರಾನ್ಸ್‌ಫಾರ್ಮರ್ ಬಿಚ್ಚಿಕೊಂಡು ಹೋದರು. ಹೊಸ ಸಂಪರ್ಕ ಬೇಕೆಂದರೆ ನೆಲದ ಒಡೆಯರು ಅರ್ಜಿ ಹಾಕಬೇಕು. ಹಳೆಯ ಒಡೆಯರು ಹೋಗಿಯಾಗಿತ್ತು. ಹೊಸ ಒಡೆಯರಾದ ಜಿಲ್ಲಾಡಳಿತಕ್ಕೆ ಕಾಗದದ ಮೇಲೆ ನೆಲ ಇನ್ನೂ ಬಂದಿರಲಿಲ್ಲ. ಪಂಚಾಯಿತಿಯವರು "ಅದು ನಮ್ಮ ಗಡಿಯಲ್ಲ" ಎಂದರು. ಬಾವಿಯಲ್ಲಿ ನೀರಿತ್ತು, ಟ್ಯಾಂಕು ಗಟ್ಟಿಯಾಗಿತ್ತು, ಪೈಪು ಸೋರುತ್ತಿರಲಿಲ್ಲ. ಆದರೂ ನಲ್ಲಿ ಒಣಗಿತ್ತು. ಲೈನಿನವರು ಕುಡಿಯುವ ನೀರಿಗೆ ಟ್ಯಾಂಕರಿನ ದಾರಿ ಕಾಯಬೇಕಿತ್ತು. ಅದು ಬಂದ ದಿನ ಬಂತು, ಬಾರದ ದಿನ ಇಲ್ಲ. ಒಂದು ಮನೆಗೆ ಎಷ್ಟು ಕೊಡ, ಅದರಲ್ಲಿ ಕುಡಿಯಲು ಎಷ್ಟು, ಅಡುಗೆಗೆ ಎಷ್ಟು ಎಂದು ಬರೆಯುತ್ತಾ ಹೋದಂತೆ, ಸ್ನಾನದ ಅಂಕಣ ಹಲವು ಮನೆಗಳಲ್ಲಿ ಖಾಲಿ ಉಳಿಯಿತು.

ಬರಿದೇ ಬರೆದುಕೊಂಡು ಕೂರಲು ನನಗೆ ಮನಸ್ಸಾಗಲಿಲ್ಲ. ಅಗಸಗಿತ್ತಿಯರ ಕಸುಬು ಇನ್ನೂ ಕೈಯಲ್ಲಿತ್ತು. ಒಗೆಯಲು ಬಟ್ಟೆ ಸಿಕ್ಕರೆ ಸಾಕಲ್ಲವೇ? ಹಂಪಿಯಲ್ಲಿ ಪ್ರವಾಸಿಗರಿಗೆ ಕೋಣೆ ಬಾಡಿಗೆಗೆ ಕೊಡುವ ಒಬ್ಬ ಮಾಲೀಕನನ್ನು ಒಪ್ಪಿಸಿ, ಮೊದಲ ಗಂಟಿನ ಬಿಳಿ ಹಾಸಿಗೆ ಹೊದಿಕೆಗಳನ್ನು ತಂದೆವು. ಲೈನಿನಲ್ಲಿ ಅಂದು ಹಬ್ಬದ ಗದ್ದಲ. ಹೆಂಗಸರು ಹೊದಿಕೆಗಳನ್ನು ಸೋಡಾ ನೀರಿನಲ್ಲಿ ನೆನೆಸಿ, ಹಳೆಯ ಭಟ್ಟಿಗೆ ಬೆಂಕಿ ಹಾಕಿ ಹಬೆಯಲ್ಲಿಟ್ಟು, ಕಲ್ಲಿನ ಮೇಲೆ ಬಡಿದು, ಜಾಲಿಸಿ, ನೀಲಿ ಹಾಕಿ, ಗಂಜಿ ಕೊಟ್ಟು ಹಗ್ಗಕ್ಕೆ ಹರವಿದರು. ಟ್ಯಾಂಕರಿನ ನೀರನ್ನು ಲೈನಿನವರೆಲ್ಲ ತಮ್ಮ ಪಾಲಿನಿಂದ ಬಿಟ್ಟುಕೊಟ್ಟಿದ್ದರು. ಒದ್ದೆ ಹೊದಿಕೆಗಳ ಸಾಲು ಕಣ್ಣು ಕೋರೈಸುವಂತಿತ್ತು. ಹಿರಿಯಳು ಸೆರಗಿನಿಂದ ಕೈ ಒರೆಸುತ್ತಾ, "ನೋಡು ತಂಗೆವ್ವಾ, ಬಟ್ಟಿ ಅಂದ್ರ ಇದು. ಇಷ್ಟ್ ದಿನ ಕೈ ತುಕ್ಕ ಹಿಡದಿತ್ತು" ಎಂದಳು.

ಮಧ್ಯಾಹ್ನದ ಹೊತ್ತಿಗೆ ಗಣಿಯಿಂದ ಇಳಿಯುವ ಲಾರಿಗಳ ಸಾಲು ಶುರುವಾಯಿತು. ನುಣ್ಣನೆಯ ಅದಿರಿನ ಧೂಳು ಒಣ ಬಟ್ಟೆಯ ಮೇಲೆ ಕುಳಿತರೆ ಕೊಡವಬಹುದು. ಗಂಜಿ ಹಾಕಿದ ಒದ್ದೆ ಬಟ್ಟೆಯ ಮೇಲೆ ಕುಳಿತರೆ ಅದು ಬಣ್ಣವಾಗಿ ಕಚ್ಚುತ್ತದೆ. ಸಂಜೆ ಹೊದಿಕೆಗಳನ್ನು ತೆಗೆದಾಗ ಒಂದು ಮಗ್ಗುಲು ಬಿಳಿ, ಇನ್ನೊಂದು ಇಟ್ಟಿಗೆ. ಮತ್ತೆ ಒಗೆದರು. ಈ ಸಲ ಗುಡ್ಡದ ಹಿಂಬದಿಗೆ ಹೊತ್ತುಕೊಂಡು ಹೋಗಿ ಹರವಿದರು. ತಪಾಸಣೆ ತಪ್ಪಿಸಿಕೊಳ್ಳುವ ಲಾರಿಗಳು ಆ ಕಾಲುದಾರಿಯನ್ನೂ ರಸ್ತೆ ಮಾಡಿಕೊಂಡಿದ್ದವು, ಅಲ್ಲಿಯೂ ಧೂಳು. ಕಡೆಗೆ ಮನೆಯೊಳಗೆ ಒಣಗಿಸಿದರು. ಗಾಳಿಯಾಡದೆ ಬಟ್ಟೆ ಮುಗ್ಗಲು ವಾಸನೆ ಹೊಡೆಯಿತು.

ಹಂಪಿಯ ಮಾಲೀಕ ಕೆಟ್ಟವನಲ್ಲ. ಒಂದು ಹೊದಿಕೆಯನ್ನು ಬಿಡಿಸಿ, ನನ್ನ ಮುಖ ನೋಡಲಾಗದೆ ಹಿರಿಯಳ ಕಡೆ ತಿರುಗಿ ಹೇಳಿದ: "ಅಕ್ಕಾ, ನಿಮ್ ಕೈ ತಪ್ಪಲ್ಲ, ಗೊತ್ತೈತಿ. ಆದ್ರ ಫಾರಿನ್ ಮಂದಿ ಇದ್ನ ನೋಡಿದ್ರ ಯಾರೋ ಇಲ್ಲಿ ರಗತ ಕಾರ್ಯಾರ ಅಂತಾರ. ಮುಂದಿನ ಗಂಟು ಕೊಡಾಕ ಆಗಾದಿಲ್ರಿ."

ಮರಳಿ ಬಸ್ಸಿಳಿಯುವಾಗ ಹಿರಿಯಳು, "ಇನ್ನ ಆ ಕಮಿಟಿ ಒಂದ ಉಳೀತು ನೋಡು" ಎಂದಳು. ಅಂದಿನಿಂದ ಇಡೀ ಲೈನು ಸಮಿತಿಯ ಬರವಿಗಾಗಿ ಕಾಯತೊಡಗಿತು.

ಸಮಿತಿಯ ಬಳಿ ಒಂದು ಅಂಕಪಟ್ಟಿಯಿತ್ತು. ಸ್ಥಳ ಪರಿಶೀಲನೆಯ ದಿನ ಸದಸ್ಯರು ಮನೆಯ ಚಾವಣಿ, ನೆಲ, ಪಾತ್ರೆಪಡಗ, ಸಂಗ್ರಹಿಸಿದ ನೀರು, ಮೈಮೇಲಿನ ಬಟ್ಟೆ, ಸುತ್ತಲಿನ ಸ್ವಚ್ಛತೆ ಇವನ್ನು ಕಣ್ಣಾರೆ ಕಂಡು ಅಂಕ ಹಾಕಬೇಕು. ಅಂಕ ಹೆಚ್ಚಾದಷ್ಟೂ ಕಷ್ಟ ಕಡಿಮೆ ಎಂದು ಲೆಕ್ಕ. ಕೊನೆಯಲ್ಲಿ ನಿವಾಸಿಗಳ ಹೇಳಿಕೆ. ನನ್ನ ವಾರಗಳ ದಾಖಲೆ ಇದಕ್ಕೆ ಅನುಬಂಧ ಮಾತ್ರ. ಹಾಗಿದ್ದರೂ ನನಗೆ ಅನುಮಾನವಿರಲಿಲ್ಲ. ಒಮ್ಮೆ ಆ ಮನೆಗಳೊಳಗೆ ಕಾಲಿಟ್ಟವರಿಗೆ ಬೇರೆ ಯಾವ ಪುರಾವೆ ಬೇಕು?

ಸಮಿತಿ ಬರುವ ಸುದ್ದಿ ನನಗೆ ತಿಳಿದದ್ದು ಹಿಂದಿನ ಸಂಜೆ, ಹೊಸಪೇಟೆಯ ಡಿಟಿಪಿ ಅಂಗಡಿಯಲ್ಲಿ ವರದಿಯ ಪ್ರತಿ ತೆಗೆಸುತ್ತಿದ್ದಾಗ. ಅಷ್ಟರಲ್ಲಿ ಪಂಚಾಯಿತಿಯ ತಳವಾರ ಸೈಕಲ್ಲಿನಲ್ಲಿ ಲೈನಿಗೆ ಹೋಗಿ ಕೂಗಿ ಬಂದಿದ್ದ: "ನಾಳೆ ಮುಂಜಾನಿ ಸಾಹೇಬ್ರದು ಇನ್ಸ್‌ಪೆಕ್ಷನ್ ಐತ್ರೆಪ್ಪೋ! ಎಲ್ಲಾರೂ ಮನೀಗೇ ಇರ್ರಿ!"

ಬೆಳಿಗ್ಗೆ ನಾನು ಬಸ್ಸಿಳಿದು ನಡೆದು ಬಂದಾಗ ದಾರಿ ತಪ್ಪಿದೆನೇ ಎನಿಸಿತು. ರಸ್ತೆಯಂಚಿನ ಕಲ್ಲುಗಳಿಗೆಲ್ಲ ಸುಣ್ಣ ಬಳಿದಿದ್ದರು. ಬೇವಿನ ಮರಗಳ ಬುಡಕ್ಕೆ ಸುಣ್ಣ, ಅದರ ಮೇಲೆ ಕೆಮ್ಮಣ್ಣಿನ ಪಟ್ಟಿ. ಕಸದ ಸುಳಿವಿಲ್ಲ. ಧೂಳೇಳುವ ಬೀದಿ ಈ ತುದಿಯಿಂದ ಆ ತುದಿಯವರೆಗೆ ಒದ್ದೆಯಾಗಿ, ಮಳೆ ಬಂದು ಹೋದಂತೆ ತಣ್ಣಗಿತ್ತು. ಪ್ರತಿ ಮನೆಯ ಮುಂದೆ ತಿಕ್ಕಿ ಹೊಳೆಯುವ ಕೊಡಗಳು, ಗೆರೆ ಹಾಕಿ ಜೋಡಿಸಿದಂತೆ, ಬಾಯಿತುಂಬ ನೀರು. ಗಂಡಸರು ಯಾವ ಕಾಲದಲ್ಲೋ ಸಿಕ್ಕಿದ್ದ ಖಾಕಿ ಅಂಗಿಗಳನ್ನು ಇಸ್ತ್ರಿ ಮಾಡಿ ತೊಟ್ಟಿದ್ದರು. ಎಲ್ಲ ಗುಂಡಿಗಳೂ ಇದ್ದವು. ಹೆಂಗಸರ ಸೀರೆಗಳು ಗಂಜಿಯಿಂದ ಗರಿಗರಿ. ಹಿಂದಿನ ದಿನ ಟ್ಯಾಂಕರು ಬಂದಿತ್ತು. ಆ ನೀರಿನಲ್ಲಿ ಒಂದು ಪಾಲು ಕೊಡಗಳಲ್ಲಿ ನಿಂತಿತ್ತು, ಉಳಿದದ್ದು ಬೀದಿಯಲ್ಲಿ ಇಂಗಿತ್ತು.

"ಏನಿದು? ಯಾಕೆ ಹೀಗೆ ಮಾಡಿದಿರಿ?" ಎಂದು ದರ್ಜಿಯನ್ನು ಕೇಳಿದೆ.

ಅವನಿಗೆ ನನ್ನ ಗಾಬರಿಯೇ ಅರ್ಥವಾಗಲಿಲ್ಲ. "ಇನ್ಸ್‌ಪೆಕ್ಷನ್ ಅಂದ್ರ ಹಿಂಗ ಇರಬೇಕ್ರಿ ಮೇಡಂ. ಕಸ ಕಂಡ್ರ, ಕೊಡ ಖಾಲಿ ಕಂಡ್ರ, ಮಿಲಿಟ್ರಿ ಸಾಹೇಬ್ರು 'ಇವ್ರಿಗೆ ಮನಿ ಯಾಕ?' ಅಂತಿದ್ರು. ಅಗಾ, ಆ ಮೂಲಿ ಮನಿಯಾವನು ಹಿಂಗ ಹೋದ. ಅಂಗಳದಾಗ ಕಸ ಇತ್ತು ಅಂತ ಒಂದ್ ವಾರದಾಗ ಖಾಲಿ ಮಾಡ್ಸಿದ್ರು. ನಾವು ಒಂದ್ ಸಲಾನೂ ಫೇಲ್ ಆಗಿಲ್ಲ."

"ಇದು ಆ ಇನ್ಸ್‌ಪೆಕ್ಷನ್ ಅಲ್ಲಣ್ಣಾ. ನಿಮಗೆ ಇಲ್ಲದ್ದನ್ನು ನೋಡಲು ಬರುತ್ತಿದ್ದಾರೆ."

"ಇಲ್ಲದ್ದನ್ನ ನೋಡಾಕ ಯಾರ್ ಬರ್ತಾರ್ರಿ?" ಎಂದ ಅವನು. ಅಷ್ಟರಲ್ಲಿ ಜೀಪುಗಳ ಸದ್ದು ಕೇಳಿತು.

ಅವರನ್ನು ನಾನು ಹೇಗೆ ಹಳಿಯಲಿ? ಅಂಗಳ ಗುಡಿಸಿದವನು ಉಳಿದ, ಗುಡಿಸದವನು ಹೋದ. ಎರಡು ತಲೆಮಾರು ಆ ನೆಲ ಅವರಿಗೆ ಕಲಿಸಿದ್ದ ಕಾನೂನು ಅದೊಂದೇ. ತಮ್ಮ ಮನೆಯನ್ನು ಉಳಿಸಿಕೊಳ್ಳಲು ತಮಗೆ ಗೊತ್ತಿದ್ದ ಒಂದೇ ಕೆಲಸವನ್ನು ಅವರು ರಾತ್ರಿಯಿಡೀ ಮಾಡಿದ್ದರು.

ಸಮಿತಿಯ ಅಧ್ಯಕ್ಷರು ಹಿರಿಯ ಅಧಿಕಾರಿ. ಜೀಪಿನಿಂದ ಇಳಿದವರೇ ಒದ್ದೆ ನೆಲದ ಮೇಲೆ ನಿಂತು, ಸುತ್ತ ನೋಡಿ, "ಪರವಾಗಿಲ್ಲವೇ! ನಮ್ಮ ಕ್ವಾರ್ಟರ್ಸೇ ಇಷ್ಟು ಚೆನ್ನಾಗಿಲ್ಲ" ಎಂದು ನಕ್ಕರು. ಜೊತೆಯವರೂ ನಕ್ಕರು. ಬೀದಿಯ ನಡುವೆ ನಡೆಯುತ್ತಾ ಅಂಕ ಹಾಕಿದರು. ಯಾವ ಹೊಸ್ತಿಲನ್ನೂ ದಾಟಲಿಲ್ಲ. ಕೊನೆಯಲ್ಲಿ ಸಾಲಾಗಿ ನಿಂತವರ ಮುಂದೆ ಬಂದು ಕೇಳಿದರು: "ಏನಾದರೂ ತೊಂದರೆ ಇದೆಯೇನ್ರಪ್ಪಾ?"

ದರ್ಜಿ ಎದೆ ಸೆಟೆಸಿ ನಿಂತ. "ಏನೂ ತಕಲೀಫ್ ಇಲ್ಲ ಸಾಹೇಬ್!" ಎಂದ. ಇಡೀ ಸಾಲು ಅದೇ ಮಾತನ್ನು ಒಂದೇ ದನಿಯಲ್ಲಿ ಹೇಳಿತು.

ಹಿರಿಯಳ ತುಟಿಯೂ ಅಲುಗಿದ್ದನ್ನು ನಾನು ಕಂಡೆ.

ನಾನು ಮುಂದೆ ಬಂದು ವರದಿಯನ್ನು ತೆರೆದು ಹೇಳತೊಡಗಿದೆ: ಈ ಮನೆಗಳಲ್ಲಿ ಒಂದೇ ಹೊತ್ತು ಒಲೆ ಹೊತ್ತುತ್ತದೆ, ಈ ನೀರು ಟ್ಯಾಂಕರಿನದು, ಮುಂದಿನ ಟ್ಯಾಂಕರು ಯಾವಾಗ ಬರುತ್ತದೆಂದು ಯಾರಿಗೂ ಗೊತ್ತಿಲ್ಲ, ದಯವಿಟ್ಟು ಒಳಗೆ ಬನ್ನಿ, ಪಂಪಿನ ಮನೆ ನೋಡಿ. ಅಧ್ಯಕ್ಷರು ಸಾವಧಾನವಾಗಿಯೇ ಕೇಳಿದರು. ನಂತರ, "ನೋಡಮ್ಮಾ, ನೀವು ಬರೆದದ್ದು ಒಂದು, ನಮ್ಮ ಕಣ್ಣಿಗೆ ಕಂಡದ್ದು ಇನ್ನೊಂದು. ಅವರೇ ತೊಂದರೆ ಇಲ್ಲ ಅನ್ನುತ್ತಿದ್ದಾರೆ. ಇಲ್ಲದ ಬಡತನವನ್ನು ನೀವು ತುಂಬಬೇಡಿ" ಎಂದರು.

"ನೀವು ಬರುವ ಸುದ್ದಿಯನ್ನು ಮೊದಲೇ ಕೊಟ್ಟದ್ದರಿಂದ ಹೀಗಾಗಿದೆ ಸರ್. ಹೇಳದೆ ಇನ್ನೊಮ್ಮೆ ಬನ್ನಿ."

"ಸರ್ಕಾರಿ ಪರಿಶೀಲನೆ ಕಳ್ಳರ ಹಾಗೆ ಮಾಡುವಂಥದ್ದಲ್ಲ" ಎಂದು ಅವರು ಜೀಪು ಹತ್ತಿದರು.

ಆ ಜೀಪುಗಳು ಮರೆಯಾಗುವವರೆಗೂ ಸಾಲು ಕದಲಲಿಲ್ಲ. ಆಮೇಲೆ ದರ್ಜಿ ನನ್ನ ಕಡೆ ತಿರುಗಿ, ಮಗುವಿನಂಥ ಖುಷಿಯಲ್ಲಿ ಕೇಳಿದ: "ಪಾಸ್ ಆದ್ವೇನ್ರಿ ಮೇಡಂ?"

ಉತ್ತರ ಸರ್ಕಾರದ ಮೊಹರಿನೊಂದಿಗೆ ಬಂತು: ಜೀವನಮಟ್ಟ ತೃಪ್ತಿಕರ, ನೀರಿನ ಸಂಗ್ರಹ ಸಾಕಷ್ಟು, ನಿವಾಸಿಗಳಿಂದ ಯಾವುದೇ ದೂರಿಲ್ಲ; ಆದ್ದರಿಂದ ಸಂತ್ರಸ್ತರೆಂದು ಪರಿಗಣಿಸಲು ಆಧಾರವಿಲ್ಲ, ಜಾಗ ತೆರವುಗೊಳಿಸತಕ್ಕದ್ದು.

ಮೇಲ್ಮನವಿಗೆ ಅವಕಾಶವಿತ್ತು. ಹೊಸಪೇಟೆಯ ಒಬ್ಬ ವಕೀಲರು ಕಾಗದ ನೋಡಿ ದಾರಿ ಹೇಳಿದರು: ಸಮಿತಿ ಕಂಡದ್ದು ತೋರಿಕೆ ಎಂದು ಸಾಬೀತಾಗಬೇಕಾದರೆ, ತೋರಿಕೆ ಮಾಡಿದವರೇ ಅದನ್ನು ಬರೆದು ಕೊಡಬೇಕು. ಅಂದು ತಾವು ಇಲ್ಲದ್ದನ್ನು ಇದೆಯೆಂದು ತೋರಿಸಿದೆವು, ಅಧ್ಯಕ್ಷರಿಗೆ ಸುಳ್ಳು ಹೇಳಿಕೆ ಕೊಟ್ಟೆವು ಎಂದು. ನಾನು ಆ ಒಕ್ಕಣೆಯನ್ನು ಬರೆದುಕೊಂಡು ಲೈನಿಗೆ ಹೋಗಿ, ಬೇವಿನ ಮರದಡಿ ಎಲ್ಲರಿಗೂ ಓದಿ ಹೇಳಿದೆ.

ಮೊದಲು ಬಾಯಿ ಬಿಟ್ಟವಳು ಹಿರಿಯಳು.

"ಸುಳ್ಳು ಹೇಳಿದ್ವಿ ಅಂತ ಬರದು ಹೆಬ್ಬಟ್ಟು ಒತ್ತಬೇಕೇನು?"

"ಅದೊಂದೇ ದಾರಿ ಉಳಿದಿದೆ ಅಕ್ಕಾ."

"ನೋಡು ತಂಗೆವ್ವಾ. ಸಿಪಾಯಿಗಳ ಕಿಸೇದಾಗ ನೋಟು, ಉಂಗುರ, ಹೇಣ್ತೀರ ಫೋಟೋ ಎಲ್ಲಾ ಬರ್ತಿದ್ವು. ಒಂದ್ ಗುಂಡಿ ಸೈತ ನಾನು ಇಟಗೊಂಡಾಕಿ ಅಲ್ಲ. ಅದಕ್ಕ ಅವ್ರು ನಮ್ಮನ್ನ ಗೇಟ್ ಒಳಗ ಬಿಡ್ತಿದ್ರು. ಈಗ ನಾವು ಕಳ್ಳರು, ಸುಳ್ಳರು ಅಂತ ನಾವ ಬರದು ಕೊಟ್ರ, ಮುಂದ ಯಾರು ತಮ್ಮ ಬಟ್ಟಿ ನಮ್ಮ ಕೈಯಾಗ ಕೊಡ್ತಾರ?"

"ಮನೆ ಹೋಗುತ್ತದೆ ಅಕ್ಕಾ."

"ಹೋಗ್ತೈತಿ" ಎಂದಳು ಅವಳು. ದರ್ಜಿ ತಲೆ ತಗ್ಗಿಸಿ ಕುಳಿತಿದ್ದ. ಅಂದು ಅವಳು ಅವನನ್ನು ಛೇಡಿಸಲಿಲ್ಲ.

ಒತ್ತಾಯಿಸಿದ್ದರೆ ಕೆಲವರಾದರೂ ಹೆಬ್ಬಟ್ಟು ಒತ್ತುತ್ತಿದ್ದರು. ಅವರ ಕಣ್ಣುಗಳಲ್ಲಿ ಮನೆ ಕಳೆದುಕೊಳ್ಳುವ ಭಯವಿತ್ತು. ಒಂದು ಹಗಲು ಪೂರ್ತಿ ನಾನು ಆ ಕಾಗದವನ್ನು ಹಿಡಿದು ತುಂಗಭದ್ರಾ ಅಣೆಕಟ್ಟಿನ ಕೆಳಗಿನ ಬಸ್ ನಿಲ್ದಾಣದಲ್ಲಿ ಕುಳಿತಿದ್ದೆ. ಮನೆಯನ್ನು ಉಳಿಸಿಕೊಳ್ಳಲು ಮಾನವನ್ನು ಅಡ ಇಡಿ ಎಂದು ಕೇಳುವ ಕಾನೂನಿನ ಪರವಾಗಿ ವಾದಿಸುವುದು ನನ್ನಿಂದ ಆಗಲಿಲ್ಲ. ಸಂಜೆ ಆ ಒಕ್ಕಣೆಯನ್ನು ಹರಿದು, ನನ್ನದೇ ಹೆಸರಿನಲ್ಲಿ ಮೇಲ್ಮನವಿ ಬರೆದೆ: ತಪ್ಪು ನಿವಾಸಿಗಳದಲ್ಲ, ವಿಧಾನದ್ದು, ಎರಡು ತಲೆಮಾರು ತಪಾಸಣೆಗೆ ಅಂಜಿ ಬದುಕಿದವರ ಮನೆಗೆ ತಪಾಸಣೆಯೆಂದು ಸಾರಿ ಹೋಗಿ, ಅವರ ಅಂಜಿಕೆಯನ್ನೇ ಸುಖವೆಂದು ಅಳೆಯಲಾಗಿದೆ. ಮನವಿ ತಿರಸ್ಕೃತವಾಯಿತು. ಅರ್ಜಿದಾರಳು ಬಾಧಿತ ವ್ಯಕ್ತಿಯಲ್ಲ ಎಂದಿತ್ತು ಕಾರಣ. ಸಮೀಕ್ಷಕಿಯ ಕೆಲಸವೂ ಅಲ್ಲಿಗೆ ಮುಗಿಯಿತು.

ತೆರವಿನ ದಿನ ಪೊಲೀಸರು ಬಂದಿದ್ದರು. ಅವರಿಗೆ ಕೆಲಸವೇ ಇರಲಿಲ್ಲ. ಲೈನಿನವರು ಹಿಂದಿನ ದಿನವೇ ಸಾಮಾನುಗಳನ್ನು ಹೊರತಂದು ರಸ್ತೆಯ ಪಕ್ಕ ಮನೆಮನೆಗೆ ಬೇರೆಬೇರೆ ಪೇರಿಸಿ, ಬಟ್ಟೆ ಹೊದಿಸಿದ್ದರು. ಹಿರಿಯಳು ಕಾಣಲಿಲ್ಲ. ಒಳಗೆ ಹೋಗಿ ನೋಡಿದರೆ, ಇನ್ನು ಸ್ವಲ್ಪ ಹೊತ್ತಿನಲ್ಲಿ ಬೀಳಲಿರುವ ಮನೆಯನ್ನು ಮೂಲೆಮೂಲೆಗೂ ಗುಡಿಸುತ್ತಿದ್ದಳು.

"ಯಾಕಕ್ಕಾ? ಕೆಡವುತ್ತಾರಲ್ಲ."

"ವಾಪಸ್ ಕೊಡಾದು ಸ್ವಚ್ಛ ಕೊಡಬೇಕವ್ವಾ" ಎಂದು ಕಸವನ್ನು ಮೊರಕ್ಕೆ ಎಳೆದುಕೊಂಡಳು. "ನಮ್ಮ ಮ್ಯಾಲ ಮಾತ ಬರಬಾರದು."

ಜೆಸಿಬಿಯ ಚಾಲಕ ಇಳಿದು ಬಂದು, ಮನೆ ಖಾಲಿಯಿದೆಯೇ ಎಂದು ಇಣುಕಿ, ಅವಳನ್ನು ಕಂಡು ಸುಮ್ಮನೆ ನಿಂತ. ಅವಳು ಗುಡಿಸಿ ಮುಗಿಸುವವರೆಗೂ ಕಾದ. ಅಂದು ಆ ನೆಲದಲ್ಲಿ ಅವರಿಗೆ ಸಂದ ಗೌರವ ಅದೊಂದೇ, ಅದೂ ದಿನಗೂಲಿಯ ಒಬ್ಬ ಚಾಲಕನಿಂದ.

ಈಗ ಅಲ್ಲಿ ಅದಿರಿನ ಗುಡ್ಡೆ ನಿಂತಿದೆ. ನೆಲದ ಕಾಗದ ಸರಿಹೋದ ಕೂಡಲೇ ಪಂಪಿಗೆ ಹೊಸ ಟ್ರಾನ್ಸ್‌ಫಾರ್ಮರ್ ಬಂತು. ಬಾವಿಯ ನೀರನ್ನು ಧೂಳೇಳದಂತೆ ಅದಿರಿನ ಮೇಲೆ ಚಿಮುಕಿಸುತ್ತಾರೆ. ಲೈನಿನ ಹಲವರು ಕಾಲುವೆಯ ಏರಿಯ ಮೇಲೆ ತಾಡಪಾಲಿನ ಗುಡಿಸಲು ಹಾಕಿಕೊಂಡಿದ್ದಾರೆ. ದರ್ಜಿ ಕಂಪ್ಲಿಯ ಒಂದು ರೈಸ್‌ಮಿಲ್ಲಿನಲ್ಲಿ ಹರಿದ ಚೀಲ ಹೊಲಿಯುತ್ತಾನೆ. ಹಿರಿಯಳು ಎಮ್ಮಿಗನೂರಿನ ಮಗಳ ಮನೆಗೆ ಹೋಗಿ, ಬೀಗರ ಮನೆಯಲ್ಲಿ ಕೂತು ಉಣ್ಣಲಾರೆ ಎಂದು ಮರಳಿ ಬಂದು, ಅದೇ ಏರಿಯ ಮೇಲಿದ್ದಾಳೆ. ಹಗಲು ಅದಿರು ಒಡೆಯುತ್ತಾಳೆ. ಕಳೆದ ಸಲ ನೋಡಿದಾಗ ಅವಳ ಕೆಮ್ಮು ನಿಲ್ಲುತ್ತಿರಲಿಲ್ಲ. ನಾನು ಏನೂ ಕೇಳುವ ಮೊದಲೇ, "ಏನೂ ತಕಲೀಫ್ ಇಲ್ಲವ್ವಾ" ಎಂದಳು.

ಆದ್ದರಿಂದ ಜಿಲ್ಲಾಡಳಿತವನ್ನೂ ಪರಿಶೀಲನಾ ಸಮಿತಿಯನ್ನೂ ನಾನು ಬಹಿರಂಗವಾಗಿ ಕೇಳುತ್ತಿದ್ದೇನೆ. ವಾರಗಳ ಸಮೀಕ್ಷೆಯನ್ನು ಅನುಬಂಧಕ್ಕೆ ತಳ್ಳಿ ಅರ್ಧ ಗಂಟೆಯ ನೋಟವನ್ನು ಅಂತಿಮವೆಂದು ತೀರ್ಮಾನಿಸಿದವರು ಯಾರು? ಬಾಯಾರಿದವರಿಗೆ ಸಿಗದ ವಿದ್ಯುತ್ತು ಅದಿರಿಗೆ ಯಾವ ನಿಯಮದ ಪ್ರಕಾರ ಸಿಕ್ಕಿತು? ಇದಕ್ಕೆ ಲಿಖಿತ ಉತ್ತರ ಬೇಕು. ಗೇಟಿನ ಲೈನಿನ ಕುಟುಂಬಗಳನ್ನು ಸಂತ್ರಸ್ತರೆಂದು ಮರುಪರಿಗಣಿಸಿ, ಆ ಆವರಣದ ಪಡುವಣ ಅಂಚಿನಲ್ಲಿ ಇನ್ನೂ ಖಾಲಿ ಬಿದ್ದಿರುವ ನೆಲದಲ್ಲಿ ನಿವೇಶನವನ್ನೂ ಅದೇ ಬಾವಿಯಿಂದ ನೀರನ್ನೂ ಕೊಡಬೇಕೆಂದು ಒತ್ತಾಯಿಸುತ್ತೇನೆ. ಅದಕ್ಕಾಗಿ ಸಮಿತಿ ಸ್ವತಃ ಕಾಲುವೆಯ ಏರಿಗೆ ಬರಬೇಕು, ಗುಡಿಸಲುಗಳ ಒಳಗೆ ಬಗ್ಗಿ ಬರಬೇಕು.

ಒಂದು ಕೋರಿಕೆ ಮಾತ್ರ: ಬರುವ ದಿನವನ್ನು ಅವರಿಗೆ ದಯವಿಟ್ಟು ಮುಂಚಿತವಾಗಿ ತಿಳಿಸಬೇಡಿ. ತಿಳಿಸಿದರೆ, ಅಂದು ಕುಡಿಯಲು ಇಟ್ಟುಕೊಂಡ ನೀರಿನಲ್ಲಿ ಅವರು ನಿಮ್ಮ ದಾರಿ ತೊಳೆಯುತ್ತಾರೆ.